ಕುಕ್ ದ್ವೀಪದವರು ಕೇಳಿದ್ದು ಇನ್ನೊಂದು ಪಾಸ್‌ಪೋರ್ಟ್ ಅಷ್ಟೇ

ಪೆಸಿಫಿಕ್ ಸಾಗರದ ಕುಕ್ ದ್ವೀಪಗಳಿಗೆ ತಮ್ಮದೇ ಪಾರ್ಲಿಮೆಂಟ್ ಇದೆ, ಪ್ರಧಾನಿ ಇದ್ದಾರೆ, 15 ನಕ್ಷತ್ರಗಳ ಬಾವುಟ ಇದೆ. ಒಲಿಂಪಿಕ್ಸ್‌ಗೆ ತಂಡವೂ ಹೋಗುತ್ತದೆ. ಆದರೆ ಕುಕ್ ದ್ವೀಪದ ಪೌರತ್ವ ಅಂತ ಒಂದು ಇಲ್ಲವೇ ಇಲ್ಲ. ಅಲ್ಲಿಯವರೆಲ್ಲ ನ್ಯೂಜಿಲೆಂಡ್ ಪ್ರಜೆಗಳು. 1965ರಲ್ಲಿ ನ್ಯೂಜಿಲೆಂಡ್ ಜೊತೆಗಿನ ನಂಟು ಉಳಿಸಿಕೊಂಡೇ ಸ್ವಂತ ಆಡಳಿತ ಬಂದಾಗಲೂ ಇದು ಬದಲಾಗಲಿಲ್ಲ.

ಇದರಿಂದ ಅವರಿಗೆ ತುಂಬಾ ಅನುಕೂಲ ಆಗಿದೆ. ವೀಸಾದ ಗೋಜಿಲ್ಲ. ವಿಮಾನ ಹತ್ತಿ ಆಕ್ಲೆಂಡ್‌ಗೆ ಬಂದರೆ ಕೆಲಸ ಹುಡುಕಬಹುದು, ಮಕ್ಕಳನ್ನು ಶಾಲೆಗೆ ಸೇರಿಸಬಹುದು. ಹಾಗಾಗಿಯೇ ದ್ವೀಪಗಳಲ್ಲಿ ಈಗ ಇರುವವರು ಸುಮಾರು 15,000 ಜನ. ನ್ಯೂಜಿಲೆಂಡಿನ 2018ರ ಜನಗಣತಿಯಲ್ಲಿ ಕುಕ್ ದ್ವೀಪ ಮೂಲದವರು ಅಂತ ಬರೆಸಿದವರು 80,000ಕ್ಕೂ ಜಾಸ್ತಿ.

2024ರಲ್ಲಿ ಪ್ರಧಾನಿ ಮಾರ್ಕ್ ಬ್ರೌನ್, ನಮಗೆ ನಮ್ಮದೇ ಪಾಸ್‌ಪೋರ್ಟ್ ಬೇಕು, ನ್ಯೂಜಿಲೆಂಡಿನದ್ದೂ ಇರಲಿ ಅಂದರು. ಆಗಿನ ನ್ಯೂಜಿಲೆಂಡ್ ವಿದೇಶಾಂಗ ಸಚಿವ ವಿನ್‌ಸ್ಟನ್ ಪೀಟರ್ಸ್ ಕಡೆಯಿಂದ ಬಂದ ಉತ್ತರ ಖಡಾಖಂಡಿತವಾಗಿತ್ತು. ಬೇರೆ ಪೌರತ್ವ, ಬೇರೆ ಪಾಸ್‌ಪೋರ್ಟ್ ಬೇಕಿದ್ದರೆ ಪೂರ್ತಿ ಸ್ವತಂತ್ರರಾಗಬೇಕು. 2025ರ ಫೆಬ್ರವರಿಯಲ್ಲಿ ಬ್ರೌನ್ ಆ ಯೋಜನೆ ಕೈಬಿಟ್ಟರು.

ನನಗೆ ಇದು ಅನ್ಯಾಯ ಅನ್ನಿಸುತ್ತದೆ. ನಾನು ನ್ಯೂಜಿಲೆಂಡ್ ಪೌರತ್ವ ತಗೊಂಡಾಗ ಭಾರತದ ಪಾಸ್‌ಪೋರ್ಟ್ ವಾಪಸ್ ಕೊಡಬೇಕಾಯಿತು. ಅದು ನಮ್ಮ ದೇಶದ ಕಾನೂನು. ನ್ಯೂಜಿಲೆಂಡ್ ಕಾನೂನು ಹಾಗಿಲ್ಲ, ಇಲ್ಲಿ ಎರಡು ಪೌರತ್ವ ಇಟ್ಟುಕೊಳ್ಳಬಹುದು. ನನ್ನ ಆಫೀಸಿನಲ್ಲೇ ಬ್ರಿಟನ್ನಿನದ್ದು ಒಂದು, ಇಲ್ಲಿಯದ್ದು ಒಂದು ಅಂತ ಎರಡೆರಡು ಪಾಸ್‌ಪೋರ್ಟ್ ಇರುವವರಿದ್ದಾರೆ. ಯಾರೂ ಅವರ ನಿಷ್ಠೆ ಪ್ರಶ್ನಿಸುವುದಿಲ್ಲ. ಅದೇ ಆಫೀಸಿನ ಕುಕ್ ದ್ವೀಪದ ಗೆಳತಿಗೆ ಮಾತ್ರ ಒಂದನ್ನೇ ಆರಿಸಿಕೋ ಅನ್ನುವುದು ಯಾಕೆ?

ಅವಳೂ ನಾನೂ ಒಟ್ಟಿಗೆ ಕುಕ್ ದ್ವೀಪಗಳಲ್ಲೇ ದೊಡ್ಡದಾದ ರಾರೋಟೊಂಗಾಕ್ಕೆ ಹೋಗಿದ್ದೆವು. ಇಬ್ಬರ ಕೈಯಲ್ಲೂ ಅದೇ ಕಪ್ಪು ಪಾಸ್‌ಪೋರ್ಟ್. ಏರ್‌ಪೋರ್ಟಿನಲ್ಲಿ ನನ್ನನ್ನು ವಾಪಸ್ ಟಿಕೆಟ್ ಇದೆಯಾ, ಎಲ್ಲಿ ಉಳಿದುಕೊಳ್ಳುತ್ತೀರಿ ಅಂತ ಕೇಳಿದರು. ನಾನು ಪ್ರವಾಸಿ, ಅವಳು ಊರ ಮಗಳು. ಕೇಳಿದ್ದರಲ್ಲಿ ತಪ್ಪೇನೂ ಇಲ್ಲ. ನ್ಯೂಜಿಲೆಂಡ್ ಪ್ರಜೆ ಅನ್ನುವ ಮಾತ್ರಕ್ಕೆ ನನಗೆ ಅಲ್ಲಿ ನೆಲೆಸುವ ಹಕ್ಕಿಲ್ಲ. ಅವಳಿಗೆ ಅಲ್ಲಿಯ ಸಂವಿಧಾನವೇ ಖಾಯಂ ನಿವಾಸಿಯ ಸ್ಥಾನ ಕೊಟ್ಟಿದೆ.

ಅವಳ ಅಜ್ಜಿಯ ಮನೆಯ ಅಂಗಳದಲ್ಲೇ ಹಿರಿಯರ ಸಮಾಧಿಗಳಿದ್ದವು. ಬಿಳಿ ಸುಣ್ಣ ಬಳಿದು, ಮೇಲೆ ಹೂ ಇಟ್ಟಿದ್ದರು. ಅಲ್ಲಿ ವಂಶದ ಭೂಮಿಯನ್ನು ಯಾರೂ ಮಾರುವಂತಿಲ್ಲ. ಹೊರಗಿನವರಿಗೆ ಗುತ್ತಿಗೆಗೆ ಕೊಡಬಹುದು, ಅದೂ ಹೆಚ್ಚೆಂದರೆ 60 ವರ್ಷ. ಆಕ್ಲೆಂಡ್‌ನಲ್ಲಿ ಹುಟ್ಟಿದ ಮೊಮ್ಮಕ್ಕಳಿಗೂ ಆ ಜಮೀನಿನಲ್ಲಿ ಪಾಲಿದೆ. ಅಂದರೆ ಯಾರು ಕುಕ್ ದ್ವೀಪದವರು, ಯಾರು ಅಲ್ಲ ಅನ್ನೋದು ಅಲ್ಲಿಯ ಕಾನೂನಿಗೆ ಈಗಾಗಲೇ ಚೆನ್ನಾಗಿ ಗೊತ್ತಿದೆ. ಹೊಸದಾಗಿ ಏನನ್ನೂ ಹುಟ್ಟುಹಾಕಬೇಕಿಲ್ಲ. ಇರುವುದನ್ನೇ ಒಂದು ಪುಸ್ತಕದಲ್ಲಿ ಅಚ್ಚು ಹಾಕಿ ಕೊಟ್ಟರೆ ಸಾಕು.

ಬ್ರೌನ್ ಮಾಡಿದ್ದೆಲ್ಲ ಸರಿ ಅಂತ ನಾನು ಹೇಳುತ್ತಿಲ್ಲ. ಇಂಥ ದೊಡ್ಡ ವಿಷಯಕ್ಕೆ ಮೊದಲು ಜನರ ಹತ್ತಿರ ಹೋಗಬೇಕಿತ್ತು. ಚೀನಾ ಜೊತೆ ಒಪ್ಪಂದ ಮಾಡಿಕೊಂಡಾಗ ಅವರು ನ್ಯೂಜಿಲೆಂಡನ್ನೂ ವಿಶ್ವಾಸಕ್ಕೆ ತಗೊಳ್ಳಲಿಲ್ಲ. ಆ ಫೆಬ್ರವರಿಯಲ್ಲೇ ದ್ವೀಪಗಳ ರಾಜಧಾನಿ ಅವಾರುವಾದಲ್ಲಿ ಪಾರ್ಲಿಮೆಂಟಿನ ಮುಂದೆ ಜನ ಸೇರಿ ಪ್ರತಿಭಟಿಸಿದರು. ಕೆಲವರು ನ್ಯೂಜಿಲೆಂಡ್ ಪಾಸ್‌ಪೋರ್ಟ್ ಹಿಡಿದೇ ಬಂದಿದ್ದರು. ಅವರ ಭಯ ನನಗೆ ಅರ್ಥ ಆಗುತ್ತದೆ. ಮಕ್ಕಳು, ಮೊಮ್ಮಕ್ಕಳು ಎಲ್ಲ ಇಲ್ಲಿರುವಾಗ ಈ ಪಾಸ್‌ಪೋರ್ಟ್ ಕೈತಪ್ಪಿದರೆ ಗತಿ ಏನು?

ಆ ಭಯವನ್ನೇ ಮುಂದಿಟ್ಟು ಬಾಯಿ ಮುಚ್ಚಿಸುವುದು ದೊಡ್ಡ ದೇಶಕ್ಕೆ ಶೋಭೆಯಲ್ಲ. ವನುವಾಟು ಥರ ಪಾಸ್‌ಪೋರ್ಟ್ ಮಾರಾಟಕ್ಕೆ ಇಳಿದಾರು ಅನ್ನುವ ಆತಂಕ ಇದ್ದರೆ, ಮಾರುವಂತಿಲ್ಲ ಅಂತ ಎರಡೂ ದೇಶಗಳ ನಡುವಿನ ಒಪ್ಪಂದದಲ್ಲೇ ಬರೆಯಲಿ. ನ್ಯೂಜಿಲೆಂಡ್ ಪೌರತ್ವ ಹೋಗುವುದಿಲ್ಲ ಅಂತಲೂ ಬರೆಯಲಿ. ಆಮೇಲೆ ದ್ವೀಪದ ಜನರನ್ನು ಕೇಳಲಿ. ಅವರು ಬೇಡ ಅಂದರೆ ಅಲ್ಲಿಗೆ ಮುಗಿಯಿತು. ಬೇಕು ಅಂದರೆ ನ್ಯೂಜಿಲೆಂಡ್ ಸರ್ಕಾರ ಒಪ್ಪಿಕೊಳ್ಳಲಿ.