ಹಕ್ಕಿ ಹಾಡಿದ್ದರ ಪ್ರಯೋಜನ

ಮೊನ್ನೆ ವಿನಯಶೀಲನಾದ ತರುಣನೊಬ್ಬ ಕೇಳುಗರ ಸಮೀಕ್ಷೆಯ ನಮೂನೆಯನ್ನು ನನ್ನ ಮುಂದಿಟ್ಟು, "ಸಾರ್, ಎರಡೇ ನಿಮಿಷ" ಎಂದ. ಎರಡೇ ನಿಮಿಷ ಎನ್ನುವವರ ವಿಷಯದಲ್ಲಿ ನನಗೆ ಮೊದಲಿನಿಂದಲೂ ಗುಮಾನಿ. ಸಾರ್ವಜನಿಕ ಬಾನುಲಿಯಿಂದ ಮತ್ತು ಊರವರೇ ನಡೆಸಿಕೊಳ್ಳುವ ಸಮುದಾಯ ಬಾನುಲಿಯಿಂದ ತಮಗೆ ಆಗಿರುವ ಪ್ರಯೋಜನವೇನು ಎಂಬ ಪ್ರಶ್ನೆಯ ಕೆಳಗೆ ಮಾಹಿತಿ, ಶಿಕ್ಷಣ, ಮನರಂಜನೆ ಎಂಬ ಮೂರು ಚೌಕಗಳಿದ್ದವು. ಅವುಗಳಲ್ಲಿ ಒಂದಕ್ಕೆ ಮಾತ್ರ ಗುರುತು ಹಾಕಬೇಕಿತ್ತು. ಬಟ್ಟೆ ಮಡಚುತ್ತ ಅರ್ಧಂಬರ್ಧ ಕೇಳಿಸಿಕೊಂಡ ಭಾಷಣ ಯಾವ ಚೌಕಕ್ಕೆ ಸೇರುತ್ತದೆ? ನಿದ್ದೆ ಬಾರದ ರಾತ್ರಿಯಲ್ಲಿ ಯಾವುದೋ ನಿಲಯದ ನಿರೂಪಕಿ ಕೆಮ್ಮಿ, "ಕ್ಷಮಿಸಿ" ಎಂದದ್ದರಿಂದ, ಈ ಹೊತ್ತಿನಲ್ಲಿ ಎಚ್ಚರವಾಗಿರುವ ಇನ್ನೊಂದು ಜೀವ ಲೋಕದಲ್ಲಿದೆ ಎಂದು ತಿಳಿಯಿತಲ್ಲ, ಅದು ಮಾಹಿತಿಯೋ ಮನರಂಜನೆಯೋ? ತರುಣನನ್ನು ಕೇಳಿದೆ. ಆತ ಶಿಕ್ಷಣಕ್ಕೆ ಗುರುತು ಹಾಕಿಕೊಂಡು ಹೊರಟುಹೋದ.

ಈ ಮೂರು ಚೌಕಗಳ ಹಿಂದೆ ಬ್ರಿಟನ್ನಿನ ಪ್ರಸಾರ ಸಂಸ್ಥೆಯಾದ ಬಿಬಿಸಿಯ ಮೊದಲ ಮುಖ್ಯಸ್ಥ ಜಾನ್ ರೀತ್ ಅವರ ನೆರಳಿದೆ. ತಿಳಿಸು, ಕಲಿಸು, ರಂಜಿಸು ಎಂಬ ತ್ರಿಸೂತ್ರವನ್ನು ಅವರ ಹೆಸರಿಗೇ ಹಚ್ಚುವುದು ವಾಡಿಕೆ. ಆ ಕ್ರಮದಲ್ಲಿ ರಂಜನೆ ಕೊನೆಗೆ ಬರುವುದನ್ನು ನೋಡಿದರೇ ಅವರದು ಎಂಥ ಗಂಟುಮುಖವಿದ್ದೀತು ಎಂದು ಊಹಿಸಬಹುದು. ಅಂಥವರ ಮುಂದೆ 1924ರಲ್ಲಿ ಬಿಯಾಟ್ರಿಸ್ ಹ್ಯಾರಿಸನ್ ಎಂಬ ಚೆಲ್ಲೊ (ಪಿಟೀಲಿನ ಜಾತಿಯ ದೊಡ್ಡ ವಾದ್ಯ) ವಾದಕಿ ಒಂದು ವಿಚಿತ್ರ ಬೇಡಿಕೆ ಇಟ್ಟರು. ಇಂಗ್ಲೆಂಡಿನ ಸರ್ರೆ ಪ್ರಾಂತದ ತಮ್ಮ ಮನೆಯ ತೋಟದಲ್ಲಿ ರಾತ್ರಿ ಕುಳಿತು ಅಭ್ಯಾಸ ಮಾಡುವಾಗ ನೈಟಿಂಗೇಲ್ ಹಕ್ಕಿಯೊಂದು ತಮ್ಮ ವಾದ್ಯಕ್ಕೆ ದನಿಗೂಡಿಸುತ್ತದೆ, ಅದನ್ನು ಇಡೀ ದೇಶಕ್ಕೆ ನೇರವಾಗಿ ಕೇಳಿಸಬೇಕು ಎಂದು. ರೀತ್ ಮೊದಲು ಒಪ್ಪಲಿಲ್ಲ. ತಂತಿ ಎಳೆದು, ಧ್ವನಿವರ್ಧಕಗಳನ್ನು ಹೊತ್ತು, ಇಂಜಿನಿಯರುಗಳನ್ನು ಕತ್ತಲಲ್ಲಿ ಕೂರಿಸಿ ಕಾದಮೇಲೆ ಹಕ್ಕಿ ಹಾಡದೇ ಹೋದರೆ ಲೆಕ್ಕಪತ್ರದಲ್ಲಿ ಏನೆಂದು ಬರೆಯುವುದು? ಆಡಳಿತಗಾರನ ಈ ಚಿಂತೆಯನ್ನು ನಾನು ಹಗುರವಾಗಿ ಕಾಣುವುದಿಲ್ಲ. ಹಕ್ಕಿಯೊಂದಿಗೆ ಕರಾರುಪತ್ರ ಮಾಡಿಕೊಳ್ಳಲು ಇಂದಿಗೂ ಯಾರಿಗೂ ಸಾಧ್ಯವಾಗಿಲ್ಲ.

ಆದರೂ ಹ್ಯಾರಿಸನ್ ಪಟ್ಟು ಬಿಡಲಿಲ್ಲ, ರೀತ್ ಕೊನೆಗೆ ಮಣಿದರು. ಮೇ 19ರ ರಾತ್ರಿ ಆಕೆ ತೋಟದಲ್ಲಿ ನುಡಿಸತೊಡಗಿದರು. ಹಕ್ಕಿ ಸುಮ್ಮನಿತ್ತು. ಮತ್ತೆ ನುಡಿಸಿದರು, ಆಗಲೂ ಸುಮ್ಮನಿತ್ತು. ಹೊತ್ತು ಸರಿಯಿತು, ರಾತ್ರಿಯ ಪ್ರಸಾರ ಮುಗಿಯುವ ಸಮಯ ಹತ್ತಿರವಾಯಿತು. ಆ ಪೊದೆಗಳ ಮರೆಯಲ್ಲಿ ಕುಳಿತಿದ್ದ ಇಂಜಿನಿಯರುಗಳ ಮನಃಸ್ಥಿತಿಯನ್ನು ಕುರಿತು ಯಾರಾದರೂ ಒಂದು ಗ್ರಂಥವನ್ನೇ ಬರೆಯಬೇಕು ಎಂದು ನನಗೆ ಎಷ್ಟೋ ಸಲ ಅನ್ನಿಸಿದೆ. ಇನ್ನೇನು ಎಲ್ಲವನ್ನೂ ಸುತ್ತಿಟ್ಟುಕೊಂಡು ಹೊರಡಬೇಕು ಎನ್ನುವಷ್ಟರಲ್ಲಿ ಹಕ್ಕಿ ಹಾಡಿತು. ಕೇಳಿದವರಿಂದ ಆಕೆಗೆ ರಾಶಿರಾಶಿ ಪತ್ರಗಳು ಬಂದವು. ಆಮೇಲೆ ಅದು ವರ್ಷವರ್ಷವೂ ನಡೆಯುವ ಪ್ರಸಾರವಾಯಿತು. 1936ರಲ್ಲಿ ಆಕೆ ಆ ಮನೆಯನ್ನು ಬಿಟ್ಟ ಮೇಲೂ ವಾದ್ಯವಿಲ್ಲದೆ ಹಕ್ಕಿಗಳಷ್ಟೇ ಹಾಡಿದವು.

ಇಲ್ಲಿಗೆ ನಿಲ್ಲಿಸಬಹುದಿತ್ತು, ಆದರೆ ಕಥೆಯ ತಿರುಳು ಇನ್ನೂ ಮುಂದಿದೆ. 1942ರ ಮೇ 19ರಂದು, ಅಂದರೆ ಸರಿಯಾಗಿ ಹದಿನೆಂಟು ವರ್ಷಗಳ ತರುವಾಯ, ಅದೇ ತೋಟದಿಂದ ಪ್ರಸಾರಕ್ಕೆ ಸಿದ್ಧತೆ ನಡೆದಿದ್ದಾಗ ಹಕ್ಕಿಯ ದನಿಯ ಹಿಂದೆ ಮೊರೆತವೊಂದು ಕೇಳಿಸಿತು. ಜರ್ಮನಿಯ ಮ್ಯಾನ್‌ಹೈಮ್ ನಗರದ ಮೇಲೆ ಬಾಂಬು ಹಾಕಲು ಬ್ರಿಟನ್ನಿನ ಸುಮಾರು 200 ವಿಮಾನಗಳು ಹೊರಟಿದ್ದವು. ನೇರ ಪ್ರಸಾರವಾದರೆ ಹಕ್ಕಿಯ ಜೊತೆಗೆ ವಿಮಾನಗಳ ಸದ್ದೂ ಶತ್ರುವಿನ ಕಿವಿಗೆ ಬೀಳುತ್ತದೆ ಎಂದು ಹೊಳೆದ ಇಂಜಿನಿಯರು ಪ್ರಸಾರವನ್ನು ಕಡಿದುಬಿಟ್ಟ. ಧ್ವನಿಮುದ್ರಣ ಮಾತ್ರ ಉಳಿದಿದೆ. ಅದರಲ್ಲಿ ವಿಮಾನಗಳು ಬರುತ್ತವೆ, ಹೋಗುತ್ತವೆ, ಹಕ್ಕಿ ತನ್ನ ಪಾಡಿಗೆ ತಾನು ಹಾಡುತ್ತಲೇ ಇರುತ್ತದೆ. ಇತ್ತೀಚೆಗೆ ಕೆಲವರು, ಮೊದಲ ವರ್ಷ ಹಾಡಿದ್ದು ಹಕ್ಕಿಯೇ ಅಲ್ಲ, ಹಕ್ಕಿಯಂತೆ ಸಿಳ್ಳೆ ಹಾಕುವ ಕಲಾವಿದೆಯೊಬ್ಬರು ಎಂಬ ಅನುಮಾನವನ್ನೂ ತೇಲಿಬಿಟ್ಟಿದ್ದಾರೆ. ಇಂಥ ಸಂಶೋಧಕರಿಗೆ ಬೇರೆ ಕೆಲಸವಿಲ್ಲವೇ ಎಂದು ಕೇಳುವಷ್ಟು ಸಿಟ್ಟು ನನಗೆ ಬರುತ್ತದೆ. ಹಾಗೊಂದು ವೇಳೆ ಅದು ನಿಜವಾದರೆ, ಬರುವುದೋ ಇಲ್ಲವೋ ಎಂಬ ಹಕ್ಕಿಗಾಗಿ ಬದಲಿ ಕಲಾವಿದೆಯನ್ನು ಕತ್ತಲಲ್ಲಿ ನಿಲ್ಲಿಸಿಟ್ಟುಕೊಂಡ ಸಂಸ್ಥೆಯ ಮೇಲೆ ನನ್ನ ಗೌರವ ಹೆಚ್ಚುತ್ತದೆಯೇ ಹೊರತು ಕಡಿಮೆಯಾಗುವುದಿಲ್ಲ.

ಸಮಾಜದಲ್ಲಿ ಇಂಥ ಬಾನುಲಿಯ ಪಾತ್ರವೇನು ಎಂಬಲ್ಲಿಗೆ ಈಗ ಬರಬೇಕು. ಹಾಡದೇ ಇರಬಹುದಾದ ಹಕ್ಕಿಯ ಅರ್ಧ ಗಂಟೆಯನ್ನು ಯಾವ ಜಾಹೀರಾತುದಾರನೂ ಕೊಂಡುಕೊಳ್ಳುವುದಿಲ್ಲ ಎಂಬುದಂತೂ ಖಂಡಿತ. ಹಾಡಿನ ಕೊನೆಯ ಸಾಲಿಗೂ ಅವಕಾಶ ಕೊಡದೆ ಮೇಲೆ ಬಿದ್ದು ಹರಟುವ, ತಾವು ಹೇಳಿದ್ದಕ್ಕೆ ತಾವೇ ನಗುವ ವಾಣಿಜ್ಯ ನಿಲಯಗಳ ನಿರೂಪಕರನ್ನು ಕೇಳುವಾಗ ನಾನು ಆ ಮೌನಿ ಹಕ್ಕಿಯನ್ನು ನೆನೆದು ಸಮಾಧಾನ ಮಾಡಿಕೊಳ್ಳುತ್ತೇನೆ. ಹಾಗೆಂದು ಸರ್ಕಾರಿ ನಿಲಯಗಳ ತಜ್ಞರ ಸಂವಾದಗಳನ್ನು ಸಮರ್ಥಿಸುವ ಉದ್ದೇಶ ನನಗಿಲ್ಲ. ಅಲ್ಲಿ ಕೆಲವೊಮ್ಮೆ ಪ್ರಶ್ನೆಯನ್ನೂ ಉತ್ತರವನ್ನೂ ಒಂದೇ ಕಾಗದದಿಂದ ಓದುತ್ತಿರುವುದು ಹಾಳೆ ಮಗುಚುವ ಸದ್ದಿನಿಂದಲೇ ತಿಳಿಯುತ್ತದೆ.

ಸಮುದಾಯ ಬಾನುಲಿಯಲ್ಲಿ ಹಾಳೆಯ ಸದ್ದು ಕಡಿಮೆ. ಬೊಲಿವಿಯಾದ ಗಣಿ ಕಾರ್ಮಿಕರು 1940ರ ದಶಕದ ಕೊನೆಯಿಂದ ತಮ್ಮ ಕೂಲಿಯ ಪಾಲು ಕೊಟ್ಟು ತಮ್ಮವೇ ನಿಲಯಗಳನ್ನು ನಡೆಸಿದರು. 1980ರಲ್ಲಿ ಸೇನೆ ಅಧಿಕಾರ ಕಿತ್ತುಕೊಂಡಾಗ ಆ ನಿಲಯಗಳು ಒಂದಕ್ಕೊಂದು ಕೊಂಡಿಯಾಗಿ ನಿಂತು, ಸೈನಿಕರು ಬಾಗಿಲಿಗೆ ಬರುವವರೆಗೂ ಸುದ್ದಿ ಹೇಳುತ್ತಲೇ ಇದ್ದವು. ತೆಲಂಗಾಣದಲ್ಲಿ 2008ರಲ್ಲಿ ಆರಂಭವಾದ ಸಂಗಂ ರೇಡಿಯೋವನ್ನು ದಲಿತ ಹೆಂಗಸರು ಬೀಜ, ಬೇಸಾಯ, ಹಾಡುಗಳ ಬಗ್ಗೆ ತಾವು ಮನೆಯಲ್ಲಿ ಆಡುವ ತೆಲುಗಿನಲ್ಲೇ ನಡೆಸಿಕೊಂಡು ಬಂದಿದ್ದಾರೆ.

ಆಕಾಶದ ಅಲೆಗಳು ಸಾರ್ವಜನಿಕರ ಸೊತ್ತು ಎಂದು ಭಾರತದ ಸುಪ್ರೀಂ ಕೋರ್ಟು 1995ರಲ್ಲಿಯೇ ಹೇಳಿದೆ. ಆ ಸೊತ್ತಿನಲ್ಲಿ ಸಮುದಾಯ ನಿಲಯಕ್ಕೆ ಸಾಮಾನ್ಯವಾಗಿ ಸಿಗುವುದು 100 ವ್ಯಾಟ್‌ನ ಪುಟ್ಟ ಪ್ರಸಾರ ಶಕ್ತಿ, ಜೊತೆಗೆ ಒಂದು ಷರತ್ತು: ತನ್ನದೇ ಸುದ್ದಿಯನ್ನು ಅದು ಬಿತ್ತರಿಸುವಂತಿಲ್ಲ, ಬೇಕಿದ್ದರೆ ಆಕಾಶವಾಣಿಯ ವಾರ್ತೆಯನ್ನು ಮರುಪ್ರಸಾರ ಮಾಡಬಹುದು. ಹವಾಮಾನ, ಕರೆಂಟು, ನೀರು ಮುಂತಾದವುಗಳ ಪ್ರಕಟಣೆಗಳು ಮಾತ್ರ ಸುದ್ದಿಯ ಲೆಕ್ಕಕ್ಕೆ ಸೇರುವುದಿಲ್ಲವಂತೆ. ನಾಳೆ ನಲ್ಲಿಯಲ್ಲಿ ನೀರು ಬರುವುದಿಲ್ಲ ಎಂದು ಆ ಪುಟ್ಟ ನಿಲಯದ ಹೆಣ್ಣುಮಗಳು ಧಾರಾಳವಾಗಿ ಹೇಳಬಹುದು; ಯಾಕೆ ಬರುವುದಿಲ್ಲ ಎಂದು ವಿಚಾರಿಸಿಕೊಂಡು ಬಂದು ಹೇಳಿದರೆ ಅದು ಸುದ್ದಿಯಾಗಿಬಿಡುವ ಭಯ. ಅದಕ್ಕಾಗಿ ಕೇಳುಗರು ದೇಶದ ವಾರ್ತೆಗೆ ಕಾಯಬೇಕು, ಆ ವಾರ್ತೆಯವರಿಗೋ ಅಂಥದ್ದೊಂದು ನಲ್ಲಿ ಇದೆಯೆಂಬುದೇ ಗೊತ್ತಿರುವುದಿಲ್ಲ.