ಪೂರ್ತಿ ಬಿಟ್ಟುಬಿಡಿ!

ಮೆಟ್ಟಿಲು ಇಳಿಯುವಾಗ ತೊಡೆ ಇನ್ನೂ ಹಿಡಿದುಕೊಳ್ಳುತ್ತಿದೆ. ಕೂತರೆ ಏಳಲಾಗುವುದಿಲ್ಲ, ಎದ್ದರೆ ಕೂರಲಾಗುವುದಿಲ್ಲ. ಕಚೇರಿಯಲ್ಲಿ ಕಂಡವರೆಲ್ಲ ‘ಏನಾಯಿತು, ಬಿದ್ದಿರಾ?’ ಎಂದು ಕೇಳುತ್ತಾರೆ. ಬಿದ್ದಿದ್ದರೆ ಹೇಳಿಕೊಳ್ಳಬಹುದಿತ್ತು. ದುಡ್ಡು ಕೊಟ್ಟು, ‘ಏನಾದರೂ ಆದರೆ ನಾನೇ ಹೊಣೆ’ ಎಂಬ ಕಾಗದಕ್ಕೆ ಸಹಿ ಹಾಕಿ, ಮರ ಹತ್ತಿ, ಅಲ್ಲಿ ಮುಕ್ಕಾಲು ಗಂಟೆ ಸುಮ್ಮನೆ ನಿಂತು ಬಂದೆ ಎಂದು ಯಾರ ಹತ್ತಿರ ಹೇಳುವುದು? ಹಾಗೆ ನಿಂತದ್ದು ಹೆದರಿಕೆಯಿಂದಲೂ ಅಲ್ಲ. ಬೆಂಗಳೂರಿನಲ್ಲಿ ನಮ್ಮ ಭಾವನ ಮನೆಯ ನೆಲದಡಿಯ ಸಂಪಿಗೆ ಕಾವೇರಿ ನೀರು ಬಂದದ್ದರಿಂದ.

ದಸರಾ ರಜೆ ಮುಗಿಯುವುದರೊಳಗೆ ಎಲ್ಲಾದರೂ ಹೋಗಲೇಬೇಕು ಎಂಬುದು ಮಕ್ಕಳಿಗಿಂತ ಹೆಚ್ಚಾಗಿ ಅವರ ತಾಯಂದಿರ ಹಟ. ನನ್ನ ಹೆಂಡತಿ ಮತ್ತು ಅವಳ ಅಕ್ಕ ಕೂಡಿ ಕೊಡಗು ಎಂದು ತೀರ್ಮಾನಿಸಿದರು. ಅದೇ ಶನಿವಾರ ಉಳಿದ ಬೆಂಗಳೂರೂ ಕೊಡಗು ಎಂದೇ ತೀರ್ಮಾನಿಸಿತ್ತೆಂಬುದು ಹುಣಸೂರು ದಾಟುವ ಹೊತ್ತಿಗೆ ಗೊತ್ತಾಯಿತು. ಪಿರಿಯಾಪಟ್ಟಣ, ಬೈಲಕುಪ್ಪೆ, ಕುಶಾಲನಗರ, ಸುಂಟಿಕೊಪ್ಪ, ಎಲ್ಲ ಕಡೆಯೂ ನಮ್ಮ ಮುಂದೆ ಕೆ.ಎ. 05, ಹಿಂದೆ ಕೆ.ಎ. 41. ಮನೆಯ ಮುಂದಿನ ಸಿಗ್ನಲ್ಲಿನಲ್ಲಿ ನಿಂತಿದ್ದರೆ 250 ಕಿಲೋಮೀಟರಿನ ಪೆಟ್ರೋಲಾದರೂ ಉಳಿಯುತ್ತಿತ್ತು.

ಮಡಿಕೇರಿಗೆ ಸ್ವಲ್ಪ ಮೊದಲು ಒಂದು ಕಾಫಿ ತೋಟ. ಮಾಲೀಕರು ಕಾಫಿಯನ್ನೂ ಮೆಣಸನ್ನೂ ಬೆಳೆದು ಸಾಕಾಗಿ ಈಗ ಪ್ರವಾಸಿಗರನ್ನು ಬೆಳೆಯುತ್ತಿದ್ದಾರೆ. ನೆರಳಿಗೆಂದು ನೆಟ್ಟ ಸಿಲ್ವರ್ ಓಕ್ ಮರಗಳಿಗೆ ಮೂವತ್ತು ಅಡಿ ಎತ್ತರದಲ್ಲಿ ಹಲಗೆಯ ಅಟ್ಟ ಕಟ್ಟಿ, ಮರದಿಂದ ಮರಕ್ಕೆ ತಂತಿ, ಹಗ್ಗ, ಬಲೆ, ಟೈರು, ತೂಗುವ ದಿಮ್ಮಿ ಇವನ್ನೆಲ್ಲ ನೇತುಹಾಕಿದ್ದಾರೆ. ಒಂದು ಮರ ಹತ್ತಿ, ನೆಲ ಮುಟ್ಟದೆ ಹತ್ತಾರು ಮರ ದಾಟಿ, ಕೊನೆಯಲ್ಲಿ ಜಿಪ್‌ಲೈನ್ ಹಿಡಿದು ಕೆಳಗೆ ಜಾರಬೇಕು. ನಮ್ಮ ಪೂರ್ವಜರು ಲಕ್ಷಾಂತರ ವರ್ಷ ಕಷ್ಟಪಟ್ಟು ಬಿಡಿಸಿಕೊಂಡ ಅಭ್ಯಾಸವಿದು. ಈಗ ಜಿಎಸ್‌ಟಿ ಬೇರೆ.

ಮೊದಲು ತೊಡೆ, ಸೊಂಟಗಳಿಗೆ ಪಟ್ಟಿ ಬಿಗಿದರು. ಈ ಪಟ್ಟಿಯನ್ನು ವಿನ್ಯಾಸ ಮಾಡಿದವನು ಊಟ ಮಾಡಿದ ಮನುಷ್ಯನನ್ನು ಕಂಡಿರಲಾರ. ಅದರಿಂದ ಎರಡು ಹಗ್ಗ, ಹಗ್ಗದ ತುದಿಗೆ ಎರಡು ಕೊಂಡಿ. ಒಂದನ್ನು ತಂತಿಯಿಂದ ತೆಗೆದು ಮುಂದಿನದಕ್ಕೆ ಹಾಕಿದ ಮೇಲೆಯೇ ಇನ್ನೊಂದನ್ನು ತೆಗೆಯಬೇಕು, ಎರಡನ್ನೂ ಒಟ್ಟಿಗೆ ತೆಗೆಯುವಂತಿಲ್ಲ ಎಂದು ಮಾರ್ಗದರ್ಶಕ ಹುಡುಗ ಹೇಳಿಕೊಟ್ಟ. ಕೊಂಡಿಯ ಬೆನ್ನ ಮೇಲೆ 22 ಕಿಲೋನ್ಯೂಟನ್ ಎಂದು ಕೆತ್ತಿತ್ತು. ಒಂಬತ್ತನೆಯ ತರಗತಿಯ ನನ್ನ ಮಗ ಅದನ್ನು ಓದಿ, ಮನಸ್ಸಿನಲ್ಲೇ ಭಾಗಿಸಿ, ‘ಅಪ್ಪಾ, ಎರಡು ಟನ್ನಿಗಿಂತ ಹೆಚ್ಚು ತಡೆಯುತ್ತದೆ. ನೀನು, ಅಮ್ಮ, ದೊಡ್ಡಪ್ಪ ಮೂವರೂ ನೇತಾಡಬಹುದು’ ಎಂದು ಸುತ್ತಲಿನವರಿಗೆಲ್ಲ ಕೇಳುವಂತೆ ಧೈರ್ಯ ಹೇಳಿದ. ಸಾಲಿನಲ್ಲಿದ್ದ ಅಪರಿಚಿತರು ನಮ್ಮ ಮೂವರನ್ನೂ ಒಮ್ಮೆ ಅಳೆದು ನೋಡಿದರು.

ಇನ್ನು ಭಾವನ ವಿಷಯ. ಒಳ್ಳೆಯ ಮನುಷ್ಯ. ಕೈಬಿಚ್ಚಿ ಸಾಲ ಕೊಡುತ್ತಾರೆ, ವಾಪಸು ಕೇಳುವುದಿಲ್ಲ. ಆದರೆ ಫೋನ್ ಬಂದರೆ ಎತ್ತಲೇಬೇಕು ಎಂಬುದೊಂದು ವ್ರತ ಅವರಿಗಿದೆ. ಮಂಗಳಾರತಿಯ ಹೊತ್ತಿನಲ್ಲಿ ಎತ್ತಿದ್ದಾರೆ. ಹಲ್ಲಿನ ಡಾಕ್ಟರ ಕುರ್ಚಿಯಲ್ಲಿ, ಬಾಯಿ ತುಂಬ ಹತ್ತಿ ಇಟ್ಟುಕೊಂಡು ಎತ್ತಿದ್ದಾರೆ. ಸ್ವಂತ ಮಗಳ ನಿಶ್ಚಿತಾರ್ಥದಲ್ಲಿ ತಾಂಬೂಲ ಬದಲಿಸುವ ಹೊತ್ತಿಗೆ ಸರಿಯಾಗಿ ಎತ್ತಿ, ಕಾರಿಗೆ ವಿಮೆ ಬೇಕೇ ಎಂದು ಕೇಳಿದವಳಿಗೆ ‘ಶುಭಕಾರ್ಯದಲ್ಲಿದ್ದೇನೆ ತಾಯಿ, ನಿಮ್ಮದು ಯಾವ ಊರು?’ ಎಂದು ವಿಚಾರಿಸಿದ್ದಾರೆ. ಅವರ ಗಂಟಲು ಟ್ರಂಕ್ ಕಾಲ್ ಕಾಲದ್ದು. ಸಿರ್ಸಿಯಿಂದ ಬೆಂಗಳೂರಿಗೆ ತಂತಿಯ ಸಹಾಯವಿಲ್ಲದೆಯೂ ಕೇಳಿಸೀತು.

ಫೋನುಗಳನ್ನು ಕೆಳಗೆ ಪೆಟ್ಟಿಗೆಯಲ್ಲಿಟ್ಟು ಹೋಗಬೇಕೆಂದು ಫಲಕವಿತ್ತು. ಭಾವ ಓದಿದರು, ತಲೆಯಾಡಿಸಿದರು, ಫೋನನ್ನು ಅಂಗಿಯ ಒಳಗಿನ ಬನಿಯನ್ನಿನಲ್ಲಿ ಸೇರಿಸಿದರು. ತೋಟದೊಳಗೆ ಬಂದಾಗಿನಿಂದ ಸಿಗ್ನಲ್ ಸತ್ತುಹೋಗಿದ್ದರಿಂದ ನಾನೂ ತಲೆ ಕೆಡಿಸಿಕೊಳ್ಳಲಿಲ್ಲ. ಮೂವತ್ತು ಅಡಿ ಮೇಲೆ ಹೋದರೆ ಸಿಗ್ನಲ್ಲಿಗೆ ಜೀವ ಬರಬಹುದೆಂದು ಯಾರಿಗೆ ಗೊತ್ತು?

ಮೊದಲ ಎರಡು ಮರ ಸರಾಗವಾಗಿ ಮುಗಿದವು. ಮೂರನೆಯದು ಬರ್ಮಾ ಸೇತುವೆ. ಸೇತುವೆ ಎಂಬುದು ದೊಡ್ಡ ಮಾತು. ಕಾಲಿಗೆ ಒಂದು ತಂತಿ, ಕೈಗೆ ಎರಡು, ಅಷ್ಟೇ. ಒಂದು ಸಲಕ್ಕೆ ಒಬ್ಬರೇ ದಾಟಬೇಕು, ಅವರು ಆಚೆ ಮುಟ್ಟುವವರೆಗೆ ಹಿಂದಿನವರು ಅಟ್ಟದ ಮೇಲೆ ಕಾಯಬೇಕು. ಮಗ ಆಗಲೇ ನಾಲ್ಕು ಮರ ಮುಂದಿದ್ದ. ಭಾವ ಸೇತುವೆಯ ನಟ್ಟನಡುವೆ ಇದ್ದರು. ನಾನು, ನನ್ನ ಹೆಂಡತಿ ಹಿಂದಿನ ಅಟ್ಟದಲ್ಲಿ. ನಮ್ಮ ಹಿಂದೆ ಹೊಸದಾಗಿ ಮದುವೆಯಾದ ಒಂದು ಜೋಡಿ. ಅತ್ತಿಗೆ, ಅಂದರೆ ಭಾವನ ಹೆಂಡತಿ, ಪಕ್ಕದ ತಗ್ಗಿನ ದಾರಿಯಲ್ಲಿ ಒಂದು ಹಗ್ಗದ ಬಲೆಗೆ ಅಂಟಿಕೊಂಡು ಬಹಳ ಹೊತ್ತಿನಿಂದ ಅಲ್ಲಾಡದೆ ಇದ್ದರು. ‘ಕೈ ಬಿಟ್ಟು ಮುಂದಿನ ಹಗ್ಗ ಹಿಡಿಯಿರಿ’ ಎಂದು ಇಬ್ಬರು ಹುಡುಗರು ಕೆಳಗಿನಿಂದ ಗೋಗರೆಯುತ್ತಿದ್ದರು.

ಆಗ ಭಾವನ ಎದೆಯೊಳಗೆ ‘ಗಜಮುಖನೆ’ ರಿಂಗಣಿಸಿತು.

‘ಹಲೋ! ಹೇಳಿ ರಾಯರೇ! ನೀರು ಬಂತೇ? ಇವತ್ತು ಸರದಿಯೇ ಅಲ್ಲವಲ್ಲ!’

ಈ ಮಾತು ಕೇಳಿದಾಗ ಬೆಂಗಳೂರಿನವನಾದ ನನ್ನ ಕರುಳೂ ಒಂದು ಕ್ಷಣ ಚುರುಕ್ ಎಂದಿತು ಎಂಬುದನ್ನು ಮುಚ್ಚಿಡುವುದಿಲ್ಲ. ಸರದಿಯಲ್ಲದ ದಿನ ಬರುವ ನೀರು ಯಾರ ಮನೆಯಲ್ಲಿ ವ್ಯರ್ಥವಾದರೂ ಪಾಪವೇ. ಪಕ್ಕದ ಮನೆಯ ರಾಯರ ಹತ್ತಿರ ಗೇಟಿನ ಬೀಗದ ಕೈ ಇತ್ತು. ಸಂಪಿನ ವಾಲ್ವ್ ಎಲ್ಲಿದೆ, ಹೇಗೆ ತಿರುಗಿಸುವುದು ಎಂಬ ಜ್ಞಾನ ಇರಲಿಲ್ಲ. ಅದನ್ನು ಭಾವ ಒಂದು ಕೈಯಲ್ಲಿ ತಂತಿ ಹಿಡಿದು ಧಾರೆಯೆರೆಯತೊಡಗಿದರು.

‘ಗೇಟಿನ ಪಕ್ಕ ಚಪ್ಪಡಿ ಕಲ್ಲು. ಅದನ್ನು ಎತ್ತಿ. ಜಿರಳೆ ಇರುತ್ತದೆ, ಲಕ್ಷ್ಯ ಮಾಡಬೇಡಿ. ಎರಡು ವಾಲ್ವ್ ಇದೆಯಲ್ಲ? ಕೆಂಪು ಬಣ್ಣದ್ದು ಬೇಡ, ಅದು ಬಾಡಿಗೆಯವರದು.’

ಕೆಳಗಿನ ಹುಡುಗ ‘ಸರ್, ಫೋನ್ ಆಮೇಲೆ ಮಾತನಾಡಿ’ ಎಂದ. ಭಾವ ತಂತಿ ಹಿಡಿದಿದ್ದ ಕೈಯನ್ನೇ ಎತ್ತಿ, ಒಂದು ಬೆರಳು ತೋರಿಸಿ ‘ಒಂದೇ ನಿಮಿಷ’ ಎಂದರು. ಹುಡುಗ ಕಣ್ಣು ಮುಚ್ಚಿಕೊಂಡ.

ರಾಯರಿಗೆ ಎಡ ಬಲ ತಿಳಿಯಲಿಲ್ಲ. ಅವರು ನಿಂತದ್ದು ಗೇಟಿನ ಒಳಗೋ ಹೊರಗೋ ಎಂಬುದು ಇತ್ಯರ್ಥವಾಗಲು ಹತ್ತು ನಿಮಿಷ. ವಾಲ್ವ್ ತುಕ್ಕು ಹಿಡಿದಿದೆ ಎಂದಾಯಿತು. ಕೊಬ್ಬರಿ ಎಣ್ಣೆ ಬಿಡಿ ಎಂದಾಯಿತು. ಎಣ್ಣೆ ತರಲು ಅವರು ಮನೆಗೆ ಹೋದರು. ಹೋಗುವಾಗ ಫೋನ್ ಇಡಬಾರದೇ? ಇಡಲಿಲ್ಲ. ರಾಯರ ಮನೆಯ ಒಗ್ಗರಣೆಯ ಸದ್ದನ್ನು ಕೇಳುತ್ತ ಭಾವ ತಂತಿಯ ಮೇಲೆ ತೂಗುತ್ತಿದ್ದರು. ಅತ್ತ ಎಣ್ಣೆ ಬಂತು, ಸ್ಪ್ಯಾನರ್ ಬಂತು, ಕೊನೆಗೂ ಸ್ವಲ್ಪ ಅಲುಗಾಡಿತು. ಭಾವನ ದನಿ ಇಡೀ ತೋಟಕ್ಕೆ ಏರಿತು.

‘ಬಿಡಿ! ಹೆದರಬೇಡಿ, ಏನೂ ಆಗುವುದಿಲ್ಲ, ಬಿಡಿ! ಅರ್ಧಂಬರ್ಧ ಬಿಡಬೇಡಿ, ಪೂರ್ತಿ ಬಿಟ್ಟುಬಿಡಿ!’

ಪಕ್ಕದ ದಾರಿಯಲ್ಲಿ ಅತ್ತಿಗೆ ಎರಡೂ ಕೈ ಬಿಟ್ಟರು.

ಕೊಂಡಿ ತನ್ನ ಕೆಲಸ ಮಾಡಿತು. ಅತ್ತಿಗೆ ಒಂದು ಅಡಿ ಕೆಳಗೆ ಜಾರಿ, ಬಲೆಯಿಂದ ದೂರ ಸರಿದು, ಗಾಳಿಯಲ್ಲಿ ನಿಧಾನವಾಗಿ ಪ್ರದಕ್ಷಿಣೆ ಹಾಕತೊಡಗಿದರು. ಚಪ್ಪಲಿಯೊಂದು ಕಾಫಿ ಗಿಡಗಳೊಳಗೆ ಬಿತ್ತು. ಭಾವ ಕತ್ತು ತಿರುಗಿಸಿ ನೋಡಿದರು, ಪರಿಸ್ಥಿತಿಯನ್ನು ಅರ್ಥ ಮಾಡಿಕೊಂಡರು, ಫೋನಿಗೆ ಹೇಳಿದರು: ‘ರಾಯರೇ, ನನ್ನ ಹೆಂಡತಿ ನೇತಾಡುತ್ತಿದ್ದಾಳೆ. ನೀವು ಮಾತ್ರ ಯಾವ ಕಾರಣಕ್ಕೂ ವಾಲ್ವ್ ಮುಚ್ಚಬೇಡಿ.’

‘ಅವರು ಹೇಳಿದರೆಂದು ನೀನು ಬಿಟ್ಟುಬಿಡುವುದೇ ಅಕ್ಕಾ?’ ಎಂದು ನನ್ನ ಹೆಂಡತಿ ಆಮೇಲೆ ಕೇಳಿದಳು. ‘ಮದುವೆಯಾದಾಗಿನಿಂದ ಒಂದು ದಿನವೂ ನನ್ನನ್ನು ಬಹುವಚನದಲ್ಲಿ ಮಾತನಾಡಿಸಿದವರಲ್ಲ. ಸಾಯುವ ಕಾಲಕ್ಕಾದರೂ ಮರ್ಯಾದೆ ಕೊಟ್ಟರಲ್ಲ ಎನ್ನಿಸಿತು’ ಎಂದರು ಅತ್ತಿಗೆ.

ಈ ಎಲ್ಲ ಹೊತ್ತೂ ನಾನು ಮಾಡಿದ್ದು ಒಂದೇ ಕೆಲಸ, ಸಿಲ್ವರ್ ಓಕ್ ಮರವನ್ನು ತಬ್ಬಿಕೊಂಡದ್ದು. ಅದು ಆಸ್ಟ್ರೇಲಿಯಾದಿಂದ ಬಂದ ಮರ, ಅದಕ್ಕೆ ಹಬ್ಬಿದ ಮೆಣಸಿನ ಬಳ್ಳಿ ನಮ್ಮದು, ಬಳ್ಳಿಯಲ್ಲಿದ್ದ ಕೆಂಜಿಗವೂ ನಮ್ಮದೇ. ಸೊಂಟದ ಪಟ್ಟಿಯೊಳಗೆ ಹೊಕ್ಕ ಇರುವೆಯನ್ನು ತೆಗೆಯಬೇಕೆಂದರೆ ಮರ ಬಿಡಬೇಕು. ಮರ ಬಿಡಿ ಎಂದು ಬುದ್ಧಿ ಹೇಳಲು ಭಾವ ಇದ್ದೇ ಇದ್ದರು. 1983ರಲ್ಲಿ ನಮ್ಮ ಸಿರ್ಸಿಯ ಸಾಲ್ಕಣಿಯವರು ಕಳಸೆ ಕಾಡಿಗೆ ಹೋಗಿ ಮರಗಳನ್ನು ಅಪ್ಪಿಕೊಂಡು ನಿಂತದ್ದೇ ಅಪ್ಪಿಕೋ ಚಳವಳಿಯಾಯಿತು. ಅವರು ಬುದ್ಧಿವಂತರು, ನೆಲದ ಮೇಲೆ ನಿಂತು ಅಪ್ಪಿದ್ದರು.

ಇನ್ನೊಂದು ವಿಷಯ ಆಗ ಹೊಳೆದು ಮೈ ಇನ್ನಷ್ಟು ಉರಿಯಿತು. ನಾವು ನಿಂತ ಜಾಗದಿಂದ ತಲಕಾವೇರಿ ದೂರವಲ್ಲ. ಈ ಬೆಟ್ಟಗಳ ಮಳೆಯೇ ಹರಿದು, ಕನ್ನಂಬಾಡಿ ದಾಟಿ, ಮಳವಳ್ಳಿ ತಾಲ್ಲೂಕಿನ ತೊರೆಕಾಡನಹಳ್ಳಿಗೆ ಬಂದು, ಅಲ್ಲಿಂದ ಪಂಪುಗಳ ಬೆನ್ನೇರಿ ಸುಮಾರು 100 ಕಿಲೋಮೀಟರ್ ದೂರ ಸಾಗಿ ಬೆಂಗಳೂರು ಸೇರುತ್ತದೆ. ಈ ಕಾವೇರಿ ನೀರಿನ ಯೋಜನೆಗೆ 1974ರಲ್ಲಿ ಮೊದಲ ಹಂತ, 2024ರಲ್ಲಿ ಐದನೆಯದು. ಅಷ್ಟು ದೂರದ ಪ್ರಯಾಣವನ್ನು ಯಾರ ಗೊಡವೆಯೂ ಇಲ್ಲದೆ ಮುಗಿಸಿದ ನೀರು, ಭಾವನ ಗೇಟಿನ ಪಕ್ಕದ ನಾಲ್ಕು ಅಡಿ ಪೈಪಿನಲ್ಲಿ ಮಾತ್ರ ಸಿಕ್ಕಿಹಾಕಿಕೊಳ್ಳಬೇಕೇ? ಅದೂ ಅವರು ತಂತಿಯ ಮೇಲೆ ಇರುವಾಗಲೇ?

ಬೇರೆ ಕೆಲಸವಿಲ್ಲದ್ದರಿಂದ ಊರಿನ ಕೊನೆಗೌಡನ ನೆನಪಾಯಿತು. ಅಡಿಕೆ ಕೊಯ್ಲಿಗೆ ಬರುತ್ತಿದ್ದವನು. ಕಾಲಿಗೆ ತಳೆ ಹಾಕಿ, ಬಾಯಲ್ಲಿ ಕವಳ ತುಂಬಿಕೊಂಡು, ನಾವು ಕಣ್ಣು ಮಿಟುಕಿಸುವುದರೊಳಗೆ ಐವತ್ತು ಅಡಿ ಮೇಲಿರುತ್ತಿದ್ದ. ಒಂದು ಮರದ ಕೊನೆ, ಅಂದರೆ ಅಡಿಕೆ ಗೊನೆ, ಕೊಯ್ದಾದ ಮೇಲೆ ಇಳಿಯುತ್ತಿರಲಿಲ್ಲ. ಮರವನ್ನೇ ಹಿಂದಕ್ಕೆ ಮುಂದಕ್ಕೆ ತೂಗಿ, ಬಗ್ಗಿಸಿ, ಪಕ್ಕದ ಮರವನ್ನು ಹಿಡಿದು ದಾಟಿಬಿಡುತ್ತಿದ್ದ. ಹೆಲ್ಮೆಟ್ ಇಲ್ಲ, ಕೊಂಡಿ ಇಲ್ಲ, ಕಿಲೋನ್ಯೂಟನ್ ಇಲ್ಲ. ಕೊಯ್ದ ಕೊನೆಯನ್ನು ಹಗ್ಗದ ಮೇಲೆ ಜಾರಿಸಿದರೆ ಕೆಳಗೆ ಹಗ್ಗ ಹಿಡಿದವನು ಒಂದೂ ಅಡಿಕೆ ಉದುರದಂತೆ ಹಿಡಿಯಬೇಕು. ನನ್ನನ್ನೂ ಮೇಲೆ ಕರೆದುಕೊಂಡು ಹೋಗು ಎಂದು ಚಿಕ್ಕವನಾಗಿದ್ದಾಗ ಗೋಗರೆಯುತ್ತಿದ್ದೆ. ‘ಮೇಲೆ ಏನಿದೆ ತಮ್ಮಾ, ಬಿಸಿಲು’ ಎನ್ನುತ್ತಿದ್ದ. ಅವನ ಮಕ್ಕಳು ಯಾರೂ ಮರ ಹತ್ತಲಿಲ್ಲ, ಹತ್ತದಿದ್ದದ್ದು ಒಳ್ಳೆಯದೇ ಆಯಿತು. ಈಗ ನಮ್ಮ ತೋಟದಲ್ಲಿ ಕಾರ್ಬನ್ ಫೈಬರ್ ದೋಟಿ ಹಿಡಿದು ನೆಲದಲ್ಲೇ ನಿಂತು ಕೊಯ್ಯುತ್ತಾರೆ. ಅವನು ದಿನಗೂಲಿಗೆ ಮಾಡುತ್ತಿದ್ದುದನ್ನು ತಲೆಗೆ ಸಾವಿರಕ್ಕಿಂತ ಹೆಚ್ಚು ಕೊಟ್ಟು, ಅವನ ಕಾಲು ಭಾಗದಷ್ಟೂ ಚೆನ್ನಾಗಿ ಮಾಡಲಾರದೆ ನಾನು ನಿಂತಿದ್ದೆ. ಅವನು ನೋಡಿದ್ದರೆ ಕವಳ ಉಗಿದು ನಗುತ್ತಿದ್ದನೋ, ಏನೋ. ಬದುಕಿಲ್ಲ.

ಸಂಪು ತುಂಬುವ ಸೂಚನೆ ಕಂಡ ಮೇಲೆ ಭಾವ ಆಚೆ ದಡ ಸೇರಿದರು. ನಮ್ಮ ಹಿಂದಿನ ನವದಂಪತಿಗಳ ನಡುವೆ ಅಷ್ಟರಲ್ಲಿ ಮೊದಲ ಜಗಳ ಮುಗಿದು ಎರಡನೆಯದು ಶುರುವಾಗಿತ್ತು. ಉಳಿದ ಮರಗಳನ್ನು ಹೇಗೆ ದಾಟಿದೆನೆಂದು ನೆನಪಿಲ್ಲ. ಟೈರು ಬಂತು, ದಿಮ್ಮಿ ಬಂತು, ಮೊಣಕಾಲಿಗೆ ಏನೋ ಬಡಿಯಿತು. ಕೊನೆಯಲ್ಲಿ ಜಿಪ್‌ಲೈನಿಗೆ ಕೊಂಡಿ ಹಾಕಿ ನೂಕಿದರು. ಕೊನೆಗೌಡನ ಹಗ್ಗದಲ್ಲಿ ಇಳಿಯುವ ಅಡಿಕೆ ಕೊನೆಯಂತೆ ಕಾಫಿ ಗಿಡಗಳ ಮೇಲೆ ತೇಲಿ ಬಂದೆ. ಕೆಳಗೆ ಹಿಡಿಯಲು ನಿಂತಿದ್ದ ಹುಡುಗನ ಮುಖದಲ್ಲಿ, ಇದು ತೂಕದ ಕೊನೆ ಎಂಬ ಭಾವನೆ ಸ್ಪಷ್ಟವಾಗಿತ್ತು.

ನೆಲಕ್ಕೆ ಬಂದ ಮೇಲೆ ಎಲ್ಲರಿಗೂ ‘ಸಾಹಸಿ’ ಎಂದು ಅಚ್ಚು ಹಾಕಿದ ಪ್ರಮಾಣಪತ್ರ ಕೊಟ್ಟರು. ಭಾವನಿಗೂ ಕೊಟ್ಟರು. ಅತ್ತಿಗೆಯ ಚಪ್ಪಲಿಯನ್ನು ಹುಡುಕಿ ತಂದರು, ಅದರೊಳಗೆ ಒಂದು ಉಂಬಳವೂ ಬಂತು. ಕಚೇರಿಯ ಮೇಜಿನ ಮೇಲೆ ದಪ್ಪದೊಂದು ಪುಸ್ತಕ ಇಟ್ಟು, ಅನಿಸಿಕೆ ಮತ್ತು ಸಲಹೆ ಬರೆಯಿರಿ ಎಂದರು. ಭಾವ ಕನ್ನಡಕ ಹಾಕಿಕೊಂಡು ಮುದ್ದಾದ ಅಕ್ಷರಗಳಲ್ಲಿ ಬರೆದರು: ‘ವ್ಯವಸ್ಥೆ ಬಹಳ ಚೆನ್ನಾಗಿದೆ. ಮೊಬೈಲ್ ಸಿಗ್ನಲ್ ಮರದ ಮೇಲೆ ಮಾತ್ರ ಸಿಗುತ್ತದೆ. ಕೆಳಗೂ ಸಿಗುವಂತೆ ಮಾಡಬೇಕು.’

ಅತ್ತಿಗೆ ಅವರ ಕೈಯಿಂದ ಪೆನ್ನು ಕಸಿದುಕೊಂಡು ಅದರ ಕೆಳಗೇ ಬರೆದರು: ‘ಮೇಲಿನದನ್ನೂ ತೆಗೆಸಿ.’