ಜೂನ್ 1ರಂದು ಹುಟ್ಟಿದ ಮೇಷ್ಟ್ರು

ನನ್ನ ಗೆಳೆಯರೊಬ್ಬರು ಸರ್ಕಾರಿ ಪ್ರಾಥಮಿಕ ಶಾಲೆ ಮೇಷ್ಟ್ರು. ಹುಟ್ಟಿದ ದಿನ 1-6-1971. ಅವರ ತಂಗಿ ಹುಟ್ಟಿದ್ದೂ ಜೂನ್ 1, ಪಕ್ಕದ ಮನೆಯವನದ್ದೂ ಜೂನ್ 1. ಆಗೆಲ್ಲ ನಮ್ಮ ಊರುಗಳಲ್ಲಿ ಮಕ್ಕಳು ಹುಟ್ಟುತ್ತಿದ್ದದ್ದು ಹೆಡ್‌ಮೇಷ್ಟ್ರ ದಾಖಲಾತಿ ಪುಸ್ತಕದಲ್ಲಿ. ಬಲಗೈಯನ್ನು ತಲೆ ಮೇಲಿಂದ ತಂದು ಎಡಗಿವಿ ಮುಟ್ಟು ಅನ್ನುತ್ತಿದ್ದರು. ಸಿಕ್ಕಿದರೆ ಒಂದನೇ ಕ್ಲಾಸು. ಅಂದಾಜಿನಲ್ಲಿ ಒಂದು ಇಸವಿ ಬರೆದರೆ ಮುಗೀತು. ಶಾಲೆಯ ಅರ್ಹತಾ ಪರೀಕ್ಷೆಗಳಲ್ಲಿ ಕೋರ್ಟು ಮೆಟ್ಟಿಲು ಹತ್ತದೇ ಉಳಿದದ್ದು ಬಹುಶಃ ಇದೊಂದೇ.

2025ರ ಸೆಪ್ಟೆಂಬರ್ 1ರಂದು ಸುಪ್ರೀಂ ಕೋರ್ಟ್ ಹೇಳಿತು: ಟಿಇಟಿ, ಅಂದರೆ ಶಿಕ್ಷಕರ ಅರ್ಹತಾ ಪರೀಕ್ಷೆ, ಪಾಸಾಗದೆ ಕೆಲಸದಲ್ಲಿರುವ ಮೇಷ್ಟ್ರುಗಳು ಎರಡು ವರ್ಷದಲ್ಲಿ ಅದನ್ನು ಪಾಸು ಮಾಡಬೇಕು. ನಿವೃತ್ತಿಗೆ ಐದು ವರ್ಷಕ್ಕಿಂತ ಕಡಿಮೆ ಇದ್ದರೆ ಮಾಫಿ. ಬಡ್ತಿ ಮಾತ್ರ ಕೇಳುವ ಹಾಗಿಲ್ಲ.

ಗೆಳೆಯರು ನಿವೃತ್ತರಾಗುವುದು 2031ರ ಮೇ ತಿಂಗಳಲ್ಲಿ. ಹೆಡ್‌ಮೇಷ್ಟ್ರು 1970 ಅಂತ ಗೀಚಿದ್ದರೆ ಬಚಾವಾಗುತ್ತಿದ್ದರು. "ಅವತ್ತು ಕಿವಿ ಸರಿಯಾಗಿ ಸಿಗಲಿಲ್ಲ ಕಣ್ರೀ, ಅದಕ್ಕೇ ಒಂದು ವರ್ಷ ಚಿಕ್ಕವನು ಮಾಡಿಬಿಟ್ಟರು" ಅನ್ನುತ್ತಾರೆ.

ಇವರ ಅರ್ಹತೆಯ ಕಥೆ ಇನ್ನೂ ಇದೆ. 1998ರಲ್ಲಿ ಟಿಸಿಎಚ್ ಎಂಬ ಶಿಕ್ಷಕ ತರಬೇತಿ ಮುಗಿಸಿ ಕೆಲಸಕ್ಕೆ ಸೇರಿದಾಗ 1ರಿಂದ 7ನೇ ಕ್ಲಾಸಿಗೆ ಯೋಗ್ಯರಾಗಿದ್ದರು. ಆಮೇಲೆ ರಾತ್ರಿ ಕೂತು ಓದಿ ಬಿಎ ಮಾಡಿಕೊಂಡರು. 2017ರ ಹೊಸ ವೃಂದ ಮತ್ತು ನೇಮಕಾತಿ ನಿಯಮ ಬಂತು. 6ರಿಂದ 8 ‘ಪದವೀಧರ ಶಿಕ್ಷಕರು’ ಎಂಬ ಬೇರೆಯೇ ಹುದ್ದೆಯವರಿಗೆ, ಇವರಿಗೆ 5ರವರೆಗೆ ಮಾತ್ರ. ಹೌದು, ಇವರೂ ಪದವೀಧರರೇ, ಇವರೂ ಶಿಕ್ಷಕರೇ. ಆದರೆ ಪದವೀಧರ ಶಿಕ್ಷಕರಲ್ಲ! ಓದಿದಷ್ಟೂ ಎರಡು ಕ್ಲಾಸು ಕಡಿಮೆಯಾಯಿತು. ಇದೇ ಸಂಕಟ ಹೇಳಿಕೊಂಡು 2024ರಲ್ಲಿ ಸಾವಿರಾರು ಮೇಷ್ಟ್ರುಗಳು ಬೆಂಗಳೂರಿನ ಫ್ರೀಡಂ ಪಾರ್ಕಿನಲ್ಲಿ ಕೂತಿದ್ದರು. ಮಾರನೇ ದಿನ ಗೆಳೆಯರು ಊರಿಗೆ ವಾಪಸ್ ಬಂದು ಏಳನೇ ಕ್ಲಾಸಿಗೆ ಭಿನ್ನರಾಶಿ ಹೇಳಿಕೊಟ್ಟರು. ಬೇರೆ ಯಾರಿದ್ದಾರೆ ಹೇಳಿಕೊಡೋಕೆ?

ಜಾಸ್ತಿ ಓದಿದವರ ಪಾಡು ಬೇರೆ. 2018ರಲ್ಲಿ ಶಿಕ್ಷಕರ ಅರ್ಹತೆ ನಿಗದಿ ಮಾಡುವ ಕೇಂದ್ರದ ಸಂಸ್ಥೆ ಎನ್‌ಸಿಟಿಇ, ಬಿಎಡ್ ಆದವರೂ 1ರಿಂದ 5ನೇ ಕ್ಲಾಸಿಗೆ ಬರಬಹುದು ಎಂದು ಬಾಗಿಲು ತೆಗೆಯಿತು. ಕೆಲಸ ಸಿಕ್ಕ ಮೇಲೆ ಎರಡು ವರ್ಷದೊಳಗೆ ಆರು ತಿಂಗಳ ಬ್ರಿಡ್ಜ್ ಕೋರ್ಸ್ ಮಾಡಿದರಾಯಿತು. ಅಂದರೆ ಹೊಳೆ ದಾಟಿದ ಮೇಲೆ ಸೇತುವೆ. 2023ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟ್ ಆ ಬಾಗಿಲು ಹಾಕಿತು. ಪುಟ್ಟ ಮಕ್ಕಳಿಗೆ ಕಲಿಸುವ ತರಬೇತಿಯೇ ಬೇರೆ ಎಂದಿತು. ನನ್ನ ಕೇಳಿದರೆ ಮಾತು ಸರಿಯೇ. ಅ ಆ ತಿದ್ದಿಸುವುದು ಸುಮ್ನೆ ಅಲ್ಲ. ಆದರೆ ಐದು ವರ್ಷ ತೆರೆದಿದ್ದ ಬಾಗಿಲು ನಂಬಿ ಲಕ್ಷಾಂತರ ಮಂದಿ ಅರ್ಜಿ ತುಂಬಿದ್ದರಲ್ಲ, ಬಾಗಿಲು ತೆಗೆದವರಿಗೆ ಯಾವ ಪರೀಕ್ಷೆ?

ಮೀಸಲಾತಿಗೆ ಮದುವೆಯಾದ ಹೆಣ್ಣುಮಕ್ಕಳು ತೋರಿಸಬೇಕಾದ್ದು ಗಂಡನ ಆದಾಯವೋ ಅಪ್ಪನ ಆದಾಯವೋ ಎಂಬ ಜಗಳದಲ್ಲಿ ನಮ್ಮ 15,000 ಪದವೀಧರ ಶಿಕ್ಷಕರ ನೇಮಕಾತಿ 2022ರಿಂದ 2023ರವರೆಗೆ ಹೈಕೋರ್ಟಿನಲ್ಲಿ ಮಲಗಿದ್ದು ನೆನಪಿದೆಯಲ್ವಾ? ಮದುವೆಯೂ ಅರ್ಹತೆಗೆ ಅಡ್ಡ ಬರುತ್ತದೆ ಎಂದು ಆಗಲೇ ಗೊತ್ತಾಗಿದ್ದು.

ಗೆಳೆಯರ ಶಾಲೆಗೆ ಮೊನ್ನೆ ಹೋಗಿದ್ದೆ. ಹಾಜರಿ ಪುಸ್ತಕದೊಳಗೆ ಪೇಪರಿನ ಬೈಂಡು ಹಾಕಿದ ಟಿಇಟಿ ಗೈಡು. ಹಿಂದಿನ ಟಿಇಟಿಯಲ್ಲಿ ಇವರೇ ಕೊಠಡಿ ಮೇಲ್ವಿಚಾರಕರು, ಕಾಪಿ ಹೊಡೆಯುವವರನ್ನು ಎಬ್ಬಿಸಿದವರು. 150 ಪ್ರಶ್ನೆ, 90 ಬಂದರೆ ಪಾಸು. ಮೊದಲ ಪತ್ರಿಕೆ 5ನೇ ಕ್ಲಾಸಿನವರೆಗೆ, ಎರಡನೆಯದು 6ರಿಂದ 8ಕ್ಕೆ. ಇವರು ಕಾಗದದಲ್ಲಿ ಮೊದಲನೆಯದರವರು, ಕ್ಲಾಸಿನಲ್ಲಿ ಎರಡನೆಯದರವರು. ಕೋಚಿಂಗ್ ಕೊಡುವವನು ಇವರದೇ ಹಳೇ ವಿದ್ಯಾರ್ಥಿ. ಗುರುವಿಗೆ ತಿರುಮಂತ್ರ. ಅಷ್ಟರಲ್ಲಿ ಅವನದೇ ಫೋನು ಬಂತು. "ಸಾರ್, ಹೋಂವರ್ಕ್ ಮಾಡಿದ್ರಾ?"

ಫೋನಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕೂತರು. ಮಕ್ಕಳೆಲ್ಲ ಬಿಸಿಯೂಟಕ್ಕೆ ಹೋಗಿದ್ದರು. ಬಾಗಿಲ ಕಡೆ ಒಮ್ಮೆ ನೋಡಿ, ಬಲಗೈ ಎತ್ತಿ, ತಲೆ ಮೇಲಿಂದ ತಂದು ಎಡಗಿವಿ ಹಿಡಿದರು. ಆರಾಮಾಗಿ ಸಿಕ್ಕಿತು.